ಮೃಗ ಯಾರು, ಬೇಟೆಗಾರ ಯಾರು?

ಬೇಸಿಗೆ ರಜೆಯ ಒಂದು ಸಂಜೆ. ಧರ್ಮೋಪದೇಶದ ತರಗತಿ ಮುಗಿದು ಮಕ್ಕಳೆಲ್ಲ ಮನೆಯ ಕಡೆ ಹೊರಟಿದ್ದರು. ಒಬ್ಬ ಹುಡುಗ ಮಾತ್ರ ದೇವಾಲಯದ ಮೆಟ್ಟಿಲ ಮೇಲೆ ಕುಳಿತೇ ಇದ್ದ. ಕೃಷ್ಣರಾಜನಗರದ ಕಡೆಯವನು, ಮೈಸೂರಿನಲ್ಲಿ ಪಿಯುಸಿ ಓದುತ್ತಿದ್ದಾನೆ. ಅವನ ಕೈಯಲ್ಲಿ ಕಪ್ಪು ಬಿಳುಪು ಚಿತ್ರಗಳ ಒಂದು ದಪ್ಪ ಪುಸ್ತಕವಿತ್ತು. ಜಪಾನಿನ ಚಿತ್ರಕಥೆ. ಅದಕ್ಕೆ 'ಮಾಂಗಾ' ಎನ್ನುತ್ತಾರಂತೆ. ನಮ್ಮ ಪುಸ್ತಕಗಳು ಮುಗಿಯುವಲ್ಲಿ ಅದು ಆರಂಭವಾಗುತ್ತದೆ. ಕೈಗೆ ತೆಗೆದುಕೊಂಡು ನಾಲ್ಕು ಪುಟ ತಿರುವಿದೆ. ಕತ್ತರಿಸಿಬಿದ್ದ ಕೈಕಾಲುಗಳು, ಕೋರೆಹಲ್ಲುಗಳು, ಎಲ್ಲೆಲ್ಲೂ ಕಪ್ಪು ಶಾಯಿಯ ರಕ್ತ. ಇಂಥ ಸಂದರ್ಭದಲ್ಲಿ ಗುರುಗಳಾದವರು ಏನು ಹೇಳುತ್ತಾರೋ ಅದನ್ನೇ ಹೇಳಲು ನಾನು ಬಾಯಿ ತೆರೆದಿದ್ದೆ. ಅಷ್ಟರಲ್ಲಿ ಅವನೇ ಕೇಳಿದ: "ಫಾದರ್, ಇದರಲ್ಲಿ ರಾಕ್ಷಸರನ್ನು ಕೊಲ್ಲುವವರೂ ಅರ್ಧ ರಾಕ್ಷಸರೇ. ಹಾಗಾದರೆ ಓದುವ ನಾನು ಯಾರ ಪರ ಇರಬೇಕು?"

ಗುರುವಿದ್ಯಾಮಂದಿರದಲ್ಲಿ ನೀತಿಶಾಸ್ತ್ರವನ್ನು ವರ್ಷಗಟ್ಟಲೆ ಓದಿದವನು ನಾನು. ಆದರೂ ಆ ಸಂಜೆ ನನ್ನಲ್ಲಿ ಸಿದ್ಧ ಉತ್ತರವಿರಲಿಲ್ಲ. ಪುಸ್ತಕವನ್ನು ಎರವಲು ಕೇಳಿದೆ. ಅವನು ಆಶ್ಚರ್ಯಪಟ್ಟು ಕೊಟ್ಟ. ಮುಂದಿನ ವಾರಗಳಲ್ಲಿ ಇನ್ನೂ ಕೆಲವನ್ನು ತಂದುಕೊಟ್ಟ. ಅವುಗಳನ್ನು ಓದಿದ ಮೇಲೆ ಹುಟ್ಟಿದ ಆಲೋಚನೆಗಳನ್ನು ನಿಮ್ಮ ಮುಂದಿಡುತ್ತಿದ್ದೇನೆ.

ದೂರದ ಕಥೆಗಳು

ನೊರಿಹಿರೊ ಯಾಗಿ ಎಂಬ ಲೇಖಕ 2001ರಿಂದ 2014ರವರೆಗೆ ಬರೆದ 'ಕ್ಲೇಮೋರ್' ಎಂಬ ಕಥೆಯಿದೆ. ಅದರಲ್ಲಿ ಮನುಷ್ಯರ ವೇಷದಲ್ಲಿ ಊರೊಳಗೆ ಸೇರಿಕೊಂಡು ಮನುಷ್ಯರನ್ನು ತಿನ್ನುವ ರಾಕ್ಷಸರಿದ್ದಾರೆ. ಅವರನ್ನು ಕೊಲ್ಲಲು ಒಂದು ಸಂಸ್ಥೆ ಹೆಣ್ಣುಮಕ್ಕಳ ದೇಹಕ್ಕೆ ರಾಕ್ಷಸರ ಮಾಂಸವನ್ನೇ ಸೇರಿಸಿ ಯೋಧರನ್ನು ತಯಾರು ಮಾಡುತ್ತದೆ. ಊರಿನವರು ಹಣ ಕೊಟ್ಟು ಅವರನ್ನು ಕರೆಸುತ್ತಾರೆ, ಆದರೆ ಅವರ ಬೆಳ್ಳಿಯ ಕಣ್ಣುಗಳನ್ನು ಕಂಡು ಬಾಗಿಲು ಮುಚ್ಚಿಕೊಳ್ಳುತ್ತಾರೆ. ಆ ಯೋಧರು ತಮ್ಮೊಳಗಿನ ಶಕ್ತಿಯನ್ನು ಮಿತಿಮೀರಿ ಬಳಸಿದರೆ ತಾವೇ ರಾಕ್ಷಸರಾಗಿ ಬಿಡುತ್ತಾರೆ. ಕೊನೆಗೆ ತಿಳಿದುಬರುವ ಸತ್ಯ ಇನ್ನೂ ಕಹಿಯಾದದ್ದು: ಆ ರಾಕ್ಷಸರನ್ನು ಹುಟ್ಟಿಸಿದ್ದು ಕೂಡ ಅದೇ ಸಂಸ್ಥೆ.

ಸುಯಿ ಇಶಿದಾ 2011ರಲ್ಲಿ ಆರಂಭಿಸಿದ 'ಟೋಕಿಯೋ ಗೂಲ್' ಕಥೆಯಲ್ಲಿ ಒಬ್ಬ ಸಾಧು ಸ್ವಭಾವದ ವಿದ್ಯಾರ್ಥಿಗೆ ಅಪಘಾತದ ನಂತರ ನರಭಕ್ಷಕಿಯೊಬ್ಬಳ ಅಂಗಾಂಗಗಳನ್ನು ಜೋಡಿಸುತ್ತಾರೆ. ಅಂದಿನಿಂದ ಅವನಿಗೆ ಬೇರೆ ಆಹಾರ ಸೇರುವುದಿಲ್ಲ. ಆಗ ಅವನು ಅತ್ತ ಕಡೆಯ ಬದುಕನ್ನು ಕಾಣುತ್ತಾನೆ. ಅಲ್ಲಿಯೂ ತಾಯಂದಿರಿದ್ದಾರೆ, ಶಾಲೆಗೆ ಹೋಗುವ ಮಕ್ಕಳಿದ್ದಾರೆ. ಬೇಟೆಯಾಡುವ ಅಧಿಕಾರಿಗಳು ಹಿಡಿಯುವ ಆಯುಧಗಳು ಕೊಂದವರ ದೇಹದಿಂದಲೇ ಮಾಡಿದಂಥವು. ಕೊಯೊಹಾರು ಗೊತೊಗೆ 2016ರಿಂದ 2020ರವರೆಗೆ ಬರೆದ 'ಡೀಮನ್ ಸ್ಲೇಯರ್' ಕಥೆಯ ಹುಡುಗ ಇದ್ದಿಲು ಮಾರುವ ಮನೆಯವನು. ಅವನ ಕುಟುಂಬವನ್ನು ರಾಕ್ಷಸ ಕೊಂದಿದ್ದಾನೆ, ಉಳಿದೊಬ್ಬ ತಂಗಿ ರಾಕ್ಷಸಿಯಾಗಿದ್ದಾಳೆ. ಅವನು ರಾಕ್ಷಸರ ತಲೆ ಕಡಿಯುತ್ತಾನೆ, ಅದರಲ್ಲಿ ಹಿಂಜರಿಯುವುದಿಲ್ಲ. ಆದರೆ ಬೂದಿಯಾಗುತ್ತಿರುವ ರಾಕ್ಷಸನೂ ಒಂದು ಕಾಲದಲ್ಲಿ ಮನುಷ್ಯನಾಗಿದ್ದ ಎಂಬುದನ್ನು ಮರೆಯದೆ, ಅವನಿಗಾಗಿಯೂ ಮರುಗುತ್ತಾನೆ.

ಈ ಕಥೆಗಳು ಮಕ್ಕಳ ಮನಸ್ಸನ್ನು ಕೆಡಿಸುತ್ತವೆಯೇ ಎಂದು ಕೇಳುವವರಿದ್ದಾರೆ. ಎಲ್ಲ ಪುಟಗಳನ್ನೂ ನಾನು ಸಮರ್ಥಿಸಲಾರೆ. ಚಿಕ್ಕ ಮಕ್ಕಳ ಕೈಗೆ ಕೊಡುವಂಥವೂ ಅಲ್ಲ. ಆದರೆ ಅವು ಎತ್ತುವ ಪ್ರಶ್ನೆ ಮಾತ್ರ ನಿಜವಾದದ್ದು. ಕೇಡನ್ನು ಎದುರಿಸಲು ಹೊರಟವನು ಕೇಡಿನ ಆಯುಧವನ್ನೇ ಹಿಡಿದಾಗ ಅವನೊಳಗೆ ಏನಾಗುತ್ತದೆ? ಈ ಪ್ರಶ್ನೆಗಾಗಿ ಜಪಾನಿಗೆ ಹೋಗಬೇಕಾಗಿಲ್ಲ. ಹುಣಸೂರು, ಪಿರಿಯಾಪಟ್ಟಣ, ಹೆಗ್ಗಡದೇವನಕೋಟೆಯ ಕಾಡಂಚಿನಲ್ಲಿ ಬದುಕಿದವರಿಗೆ ಇದು ಹಳೆಯ ಪ್ರಶ್ನೆ.

ಕಾಕನಕೋಟೆಯ ಖೆಡ್ಡಾ

ಮೈಸೂರು ಸಂಸ್ಥಾನದಲ್ಲಿ ಜಿ.ಪಿ. ಸ್ಯಾಂಡರ್ಸನ್ 1870ರ ದಶಕದಲ್ಲಿ ಖೆಡ್ಡಾ ಪದ್ಧತಿಯಿಂದ ಆನೆ ಹಿಡಿಯುವುದನ್ನು ಆರಂಭಿಸಿದ. ಮುಂದೆ ಕೋಟೆ ತಾಲ್ಲೂಕಿನ ಕಾಕನಕೋಟೆ ಅದಕ್ಕೆ ಹೆಸರಾಯಿತು. ಹಿಂಡನ್ನು ತಮಟೆ, ಬೆಂಕಿ, ಕೂಗುಗಳಿಂದ ಕಬಿನಿ ನದಿಯ ಕಡೆಗೆ ಅಟ್ಟುವುದು, ಅಲ್ಲಿಂದ ಮರದ ದಿಮ್ಮಿಗಳ ದೊಡ್ಡಿಯೊಳಕ್ಕೆ ನುಗ್ಗಿಸುವುದು. ಬಾಗಿಲು ಬಿದ್ದ ಮೇಲೆ ಒಳಗೆ ಹೋಗುತ್ತಿದ್ದವರು ಯಾರು? ಮಾವುತರನ್ನು ಹೊತ್ತ ಪಳಗಿದ ಆನೆಗಳು, ಅಂದರೆ ಕುಮ್ಕಿಗಳು. ಕಾಡಾನೆಯ ಎರಡು ಪಕ್ಕದಲ್ಲೂ ನಿಂತು, ಮೈಯಿಂದ ಮೈಯನ್ನು ಒತ್ತಿ ಅದು ಅಲುಗದಂತೆ ಮಾಡಿದಾಗ, ಕೆಳಗೆ ಇಳಿದ ಆಳುಗಳು ಕಾಲಿಗೆ ಹಗ್ಗ ಬಿಗಿಯುತ್ತಿದ್ದರು. ಆ ಕುಮ್ಕಿಗಳೂ ಒಂದು ಕಾಲದಲ್ಲಿ ಹೀಗೆಯೇ ಸೆರೆಸಿಕ್ಕಂಥವು. ಇಂದು ಹಗ್ಗ ಬಿಗಿಸಿಕೊಂಡದ್ದು ಪಳಗಿದ ಮೇಲೆ ಇನ್ನೊಂದಕ್ಕೆ ಹಗ್ಗ ಬಿಗಿಯಲು ನಿಲ್ಲುತ್ತಿತ್ತು.

ಅತಿಥಿಗಳು ಅಟ್ಟಣಿಗೆಯ ಮೇಲೆ ಕುಳಿತು ಇದನ್ನು ನೋಡಿ ಚಪ್ಪಾಳೆ ತಟ್ಟುತ್ತಿದ್ದರು. 1971ರಲ್ಲಿ ಕೊನೆಯ ಖೆಡ್ಡಾ ನಡೆಯಿತು. ಮರುವರ್ಷ ವನ್ಯಜೀವಿ ಸಂರಕ್ಷಣಾ ಕಾಯಿದೆ ಬಂತು. 1974ರಲ್ಲಿ ಕಬಿನಿ ಅಣೆಕಟ್ಟು ಮುಗಿದು ಆ ಬಯಲು ಹಿನ್ನೀರಿನಲ್ಲಿ ಮುಳುಗಿತು. ಖೆಡ್ಡಾ ನಿಂತರೂ ಕುಮ್ಕಿಯ ಕೆಲಸ ನಿಲ್ಲಲಿಲ್ಲ. ಹೊಲಕ್ಕೆ ನುಗ್ಗುವ, ಮನುಷ್ಯರನ್ನು ಕೊಲ್ಲುವ ಆನೆಗಳನ್ನು ಹಿಡಿಯಲು ಇಂದಿಗೂ ಅವೇ ಬೇಕು. ಮತ್ತಿಗೋಡು ಶಿಬಿರದ ಅಭಿಮನ್ಯು ಕೊಡಗಿನ ಕಾಡಿನಲ್ಲಿ ಸೆರೆಸಿಕ್ಕವನು. ಅಂದಿನಿಂದ ನೂರಕ್ಕೂ ಹೆಚ್ಚು ಕಾಡಾನೆಗಳನ್ನು ಹಿಡಿಯಲು ನೆರವಾಗಿದ್ದಾನೆ.

ಈಗ ಅರ್ಜುನನ ಕಥೆಗೆ ಬರುತ್ತೇನೆ. ಅವನ ಹೆಸರು ಕೇಳದ ಮೈಸೂರಿಗರಿಲ್ಲ. 1968ರಲ್ಲಿ ಕಾಕನಕೋಟೆಯ ಖೆಡ್ಡಾದಲ್ಲಿ ಸಿಕ್ಕ ಮರಿ ಅವನು. ಕೋಟೆ ತಾಲ್ಲೂಕಿನ ಬಳ್ಳೆ ಶಿಬಿರದಲ್ಲಿ ಬೆಳೆದ. 1996ರಲ್ಲಿ ಒಬ್ಬ ಮಾವುತರ ಸಾವಿಗೆ ಕಾರಣನಾದಾಗ ಜನ ಅವನನ್ನು ಕೊಲೆಗಡುಕ ಎಂದರು. ಅದೇ ಅರ್ಜುನ 2012ರಿಂದ 2019ರವರೆಗೆ ಎಂಟು ದಸರೆಗಳಲ್ಲಿ ಏಳುನೂರೈವತ್ತು ಕಿಲೋ ತೂಕದ ಚಿನ್ನದ ಅಂಬಾರಿಯನ್ನು ಹೊತ್ತ. ಲಕ್ಷಾಂತರ ಜನ ರಸ್ತೆಯ ಎರಡು ಬದಿಯಲ್ಲಿ ನಿಂತು ಅವನಿಗೆ ಕೈಮುಗಿದರು. ಅರುವತ್ತು ದಾಟಿದ ಆನೆಗೆ ಆ ಭಾರ ಬೇಡವೆಂದು 2020ರಲ್ಲಿ ಅಂಬಾರಿ ಅಭಿಮನ್ಯುವಿನ ಬೆನ್ನಿಗೆ ಹೋಯಿತು. ಆದರೆ ಕಾಡಾನೆ ಹಿಡಿಯುವ ಕೆಲಸದಿಂದ ಅರ್ಜುನನಿಗೆ ಬಿಡುಗಡೆ ಸಿಗಲಿಲ್ಲ. 2023ರ ಡಿಸೆಂಬರ್ 4ರಂದು ಹಾಸನ ಜಿಲ್ಲೆ ಸಕಲೇಶಪುರ ತಾಲ್ಲೂಕಿನ ಯಸಳೂರಿನ ಬಳಿ, ಮದವೇರಿದ ಒಂಟಿ ಸಲಗದೊಂದಿಗಿನ ಕಾದಾಟದಲ್ಲಿ ಅವನು ಸತ್ತ. ಸತ್ತ ಜಾಗದಲ್ಲೇ ಅವನನ್ನು ಮಣ್ಣುಮಾಡಿದರು. ಆ ದಿನ ಮೈಸೂರಿನಲ್ಲಿ ಗಟ್ಟಿ ಮನಸ್ಸಿನವರೂ ಅತ್ತರು.

ಓದುಗರೇ, ಒಂದು ಕ್ಷಣ ಯೋಚಿಸಿ. ಆ ಕಾದಾಟದಲ್ಲಿ ಮೃಗ ಯಾರು, ಬೇಟೆಗಾರ ಯಾರು? ಆ ಸಲಗ ತನ್ನ ಕಾಡಿನಲ್ಲಿತ್ತು. ಅರ್ಜುನನೂ ಹುಟ್ಟಿದ್ದು ಕಾಡಿನಲ್ಲೇ. ಇಬ್ಬರಲ್ಲಿ ಯಾರೂ ಆ ಯುದ್ಧವನ್ನು ಕೇಳಿ ಪಡೆದವರಲ್ಲ. ಅರ್ಜುನನ ಮೇಲೆ ಕುಳಿತ ಮಾವುತರು ಕೂಡ ಸಂಬಳಕ್ಕಾಗಿ ಜೀವ ಪಣಕ್ಕಿಟ್ಟ ಬಡವರು. ನಮ್ಮ ಆನೆ ಶಿಬಿರಗಳ ಮಾವುತರು, ಕಾವಾಡಿಗಳಲ್ಲಿ ಅನೇಕರು ಜೇನುಕುರುಬರು. ಅದೇ ಜೇನುಕುರುಬರ ಎಷ್ಟೋ ಕುಟುಂಬಗಳನ್ನು ಹುಲಿ ಮತ್ತು ಆನೆಗಳ ರಕ್ಷಣೆಯ ಹೆಸರಿನಲ್ಲಿ ನಾಗರಹೊಳೆಯಿಂದ ಹೊರಗೆ ತಂದು, ಹುಣಸೂರಿನ ನಾಗಪುರದಂಥ ಪುನರ್ವಸತಿ ಕೇಂದ್ರಗಳಲ್ಲಿ ಇರಿಸಲಾಗಿದೆ. ಕಾಡಿನಿಂದ ಹೊರಬಂದವರು ಕಾಡಿನಿಂದ ಹಿಡಿದು ತಂದ ಆನೆಯ ಮೇಲೆ ಕುಳಿತು, ಕಾಡಿನಿಂದ ಹೊರಬರುವ ಆನೆಯನ್ನು ಹಿಡಿಯುತ್ತಾರೆ. ಜಪಾನಿನ ಕಥೆಗಾರನ ಕಲ್ಪನೆಗೂ ಇದು ಹೊಳೆದಿರಲಿಕ್ಕಿಲ್ಲ.

ಹೊಲದ ಬದುವಿನಿಂದ ನೋಡಿದಾಗ

ಆದರೆ ಪಟ್ಟಣದಲ್ಲಿ ಕುಳಿತು ಆನೆ ನಿರ್ದೋಷಿ, ಹುಲಿ ನಿರ್ದೋಷಿ ಎಂದು ಬರೆಯುವುದು ಸುಲಭ. ಸಾಲ ತಂದು ರಾಗಿ ಬಿತ್ತಿದವನ ಹೊಲದಲ್ಲಿ ಒಂದು ಹಿಂಡು ಒಂದು ರಾತ್ರಿ ಓಡಾಡಿದರೆ ಒಂದು ವರ್ಷದ ಅನ್ನ ಹೋಯಿತು. ಹೊಗೆಸೊಪ್ಪಿನ ಮಡಿ ತುಳಿದು ಹೋದರೆ ಹರಾಜು ಕಟ್ಟೆಗೆ ಒಯ್ಯಲು ಏನೂ ಉಳಿಯದು. 2025ರ ಅಕ್ಟೋಬರ್ ಮತ್ತು ನವೆಂಬರ್ ತಿಂಗಳಲ್ಲಿ ಹೆಗ್ಗಡದೇವನಕೋಟೆಯಿಂದ ಬೇರೆಯಾಗಿ ರೂಪುಗೊಂಡ ಸರಗೂರು ತಾಲ್ಲೂಕಿನಲ್ಲಿ ಹುಲಿಯ ದಾಳಿಗೆ ಒಬ್ಬರ ಹಿಂದೊಬ್ಬರಂತೆ ರೈತರು ಬಲಿಯಾದರು. ಜನರ ರೋಷ ಎಷ್ಟಿತ್ತೆಂದರೆ ನವೆಂಬರ್ 7ರಂದು ಬಂಡೀಪುರ, ನಾಗರಹೊಳೆಗಳಲ್ಲಿ ಸಫಾರಿಯನ್ನು ನಿಲ್ಲಿಸಲು ಸಚಿವರೇ ಆದೇಶ ಕೊಡಬೇಕಾಯಿತು. ಹತ್ತಿ ಬಿಡಿಸುತ್ತಲೋ ದನ ಮೇಯಿಸುತ್ತಲೋ ಇದ್ದ ಗಂಡ ಸಂಜೆ ಮನೆಗೆ ಬಾರದೆ ಹೋದ ಹೆಣ್ಣುಮಗಳ ಮುಂದೆ ನಿಂತು 'ಅಮ್ಮಾ, ಹುಲಿಗೂ ಹಸಿವಿದೆ' ಎನ್ನಲು ನನಗಂತೂ ಬಾಯಿ ಬಾರದು.

ಅದೇ ವರ್ಷ ಜೂನ್ 26ರಂದು ಮಲೆ ಮಹದೇಶ್ವರ ವನ್ಯಧಾಮದಲ್ಲಿ ಒಂದು ತಾಯಿ ಹುಲಿ ಮತ್ತು ಅದರ ನಾಲ್ಕು ಮರಿಗಳು ಸತ್ತು ಬಿದ್ದಿದ್ದವು. ಹುಲಿ ಕೊಂದಿದ್ದ ಹಸುವಿನ ಕಳೇಬರಕ್ಕೆ ವಿಷ ಬೆರೆಸಲಾಗಿತ್ತು. ಹಸು ಕಳೆದುಕೊಂಡವನ ಸಂಕಟವನ್ನು ನಾನು ಬಲ್ಲೆ. ನಾನೂ ಹಸು ಕಟ್ಟಿದ ಮನೆಯಲ್ಲಿ ಹುಟ್ಟಿದವನು. ಆದರೆ ಆ ವಿಷ ತಾಯಿಯ ಹಿಂದೆ ಬಂದ ಮರಿಗಳನ್ನು ಬೇರ್ಪಡಿಸಿ ನೋಡಲಿಲ್ಲ. ನ್ಯಾಯವೆಂದು ಆರಂಭವಾದದ್ದು ಎಲ್ಲಿ ಸೇಡಾಗಿ ತಿರುಗುತ್ತದೆ ಎಂದು ಯಾರಾದರೂ ಕೇಳಿದರೆ ನಾನು ಆ ನಾಲ್ಕು ಮರಿಗಳನ್ನು ತೋರಿಸುತ್ತೇನೆ.

ನಮ್ಮ ಹಿರಿಯರಿಗೆ ಈ ಸಂದಿಗ್ಧ ತಿಳಿದಿತ್ತು ಎಂದು ನನ್ನ ಭಾವನೆ. ಪುಣ್ಯಕೋಟಿಯ ಕಥೆಯಲ್ಲಿ ಹುಲಿಯನ್ನು ಕೊಲ್ಲಲು ಯಾವ ಬೇಟೆಗಾರನೂ ಬರುವುದಿಲ್ಲ. ಹಸುವಿನ ಸತ್ಯದ ಎದುರು ಹುಲಿಯ ಮನಸ್ಸೇ ಕರಗುತ್ತದೆ. ಮೃಗವೆಂದು ನಾವು ಕರೆದದ್ದರ ಒಳಗೂ ನಾಚಿಕೆಪಡಬಲ್ಲ ಒಂದು ಹೃದಯವಿದೆ ಎಂದು ಆ ಕಥೆ ಮಕ್ಕಳಿಗೆ ಕಲಿಸಿತು. ಇನ್ನು ಮೈಸೂರು ಎಂಬ ಹೆಸರನ್ನೇ ನೋಡಿ. ಅದು ಮಹಿಷನ ಹೆಸರಿನಿಂದ ಬಂದದ್ದೆಂದು ಹೇಳುತ್ತಾರೆ. ಬೆಟ್ಟದ ಮೇಲೆ ಪೂಜೆಗೊಳ್ಳುವ ದೇವತೆ ಮಹಿಷನನ್ನು ಕೊಂದವಳು. ಬೆಟ್ಟದ ಕೆಳಗಿನ ಊರಿಗೆ ಹೆಸರು ಸತ್ತವನದು. ಮಹಿಷ ರಾಕ್ಷಸನಲ್ಲ, ಒಳ್ಳೆಯ ಅರಸನಾಗಿದ್ದ ಎಂದು ನಂಬುವವರು ಇತ್ತೀಚಿನ ವರ್ಷಗಳಲ್ಲಿ ಅವನ ಸ್ಮರಣೆಯನ್ನೂ ನಡೆಸಿದ್ದಾರೆ. ಆ ವಿವಾದದಲ್ಲಿ ತೀರ್ಪು ಕೊಡುವುದು ನನ್ನ ಕೆಲಸವಲ್ಲ. ಗೆದ್ದವರ ಹಬ್ಬ ನಡೆಯುವ ಊರು ಸೋತವನ ಹೆಸರನ್ನು ಉಳಿಸಿಕೊಂಡಿದೆ ಎಂಬುದಷ್ಟೇ ನನ್ನನ್ನು ಯೋಚನೆಗೆ ಹಚ್ಚುತ್ತದೆ.

ಮನುಷ್ಯನೇ ಮೃಗವಾದಾಗ

ಪ್ರಾಣಿಗಳ ವಿಷಯ ಬಿಡೋಣ. ಆನೆಗೆ ಪಾಪವಿಲ್ಲ, ಹುಲಿಗೆ ಪಾಪನಿವೇದನೆ ಬೇಕಿಲ್ಲ. ಪ್ರಶ್ನೆ ನಿಜವಾಗಿ ಇರಿಯುವುದು ಮನುಷ್ಯರ ವಿಷಯದಲ್ಲಿ. ನನ್ನ ವಯಸ್ಸಿನವರಿಗೆ ವೀರಪ್ಪನ್ ಎಂಬ ಹೆಸರು ನೆನಪಿದೆ. ಆನೆಗಳನ್ನು ದಂತಕ್ಕಾಗಿ, ಗಂಧದ ಮರಗಳನ್ನು ಹಣಕ್ಕಾಗಿ, ಮನುಷ್ಯರನ್ನು ಅನುಮಾನಕ್ಕಾಗಿ ಕೊಂದವನು. ಅವನು ಮಾಡಿದ್ದಕ್ಕೆ ಬಡತನದ ನೆಪ ಹೇಳಿ ಮರೆಮಾಚುವುದು ಸತ್ತವರಿಗೆ ಮಾಡುವ ಅನ್ಯಾಯ. 2004ರ ಅಕ್ಟೋಬರ್ 18ರ ರಾತ್ರಿ ತಮಿಳುನಾಡಿನ ಧರ್ಮಪುರಿ ಜಿಲ್ಲೆಯಲ್ಲಿ ಅವನು ಪೊಲೀಸರ ಗುಂಡಿಗೆ ಬಲಿಯಾದ.

ಆದರೆ ಅವನನ್ನು ಬೇಟೆಯಾಡಿದ ವರ್ಷಗಳಲ್ಲಿ ಕಾಡಂಚಿನ ಹಳ್ಳಿಗಳ ಮೇಲೆ ಏನಾಯಿತು? ಎರಡು ರಾಜ್ಯಗಳ ವಿಶೇಷ ಕಾರ್ಯಪಡೆಗಳ ವಿರುದ್ಧ ಅಕ್ರಮ ಬಂಧನ, ಚಿತ್ರಹಿಂಸೆ, ಹೆಣ್ಣುಮಕ್ಕಳ ಮಾನಭಂಗದ ದೂರುಗಳು ಬಂದವು. ರಾಷ್ಟ್ರೀಯ ಮಾನವ ಹಕ್ಕುಗಳ ಆಯೋಗ ನ್ಯಾಯಮೂರ್ತಿ ಎ.ಜೆ. ಸದಾಶಿವ ಅವರ ನೇತೃತ್ವದ ಸಮಿತಿಯಿಂದ ವಿಚಾರಣೆ ಮಾಡಿಸಿತು. 2007ರಲ್ಲಿ 89 ಮಂದಿಗೆ ಒಟ್ಟು 2 ಕೋಟಿ 80 ಲಕ್ಷ ರೂಪಾಯಿ ಪರಿಹಾರ ಕೊಡಬೇಕೆಂದು ಆಯೋಗ ಹೇಳಿತು. ಆ ಪಡೆಯಲ್ಲಿ ಪ್ರಾಣ ಕೊಟ್ಟ ಕರ್ತವ್ಯನಿಷ್ಠರಿದ್ದರು. ಅವರ ಮನೆಗಳಲ್ಲೂ ವಿಧವೆಯರಿದ್ದಾರೆ. ಹಾಗಿದ್ದೂ, ಕಾಡುಗಳ್ಳನಿಗೆ ಅಕ್ಕಿ ಕೊಟ್ಟೆಯಾ ಎಂದು ಹೊಡೆತ ತಿಂದವನಿಗೆ ಕಳ್ಳನ ಭಯವೂ ಪೊಲೀಸರ ಭಯವೂ ಒಂದೇ ಆಗಿತ್ತು. ಒಬ್ಬ ಮೃಗನನ್ನು ಹಿಡಿಯುವ ನೆಪದಲ್ಲಿ ಎಷ್ಟು ಜನರೊಳಗಿನ ಮೃಗಕ್ಕೆ ಸಮವಸ್ತ್ರ ಸಿಕ್ಕಿತು ಎಂಬುದನ್ನು ಲೆಕ್ಕ ಹಾಕಿದವರಿಲ್ಲ.

ಇದೇ ಚರಿತ್ರೆಯಲ್ಲಿ ಇನ್ನೊಬ್ಬ ಬೇಟೆಗಾರನಿದ್ದಾನೆ. ಅರಣ್ಯಾಧಿಕಾರಿ ಪಿ. ಶ್ರೀನಿವಾಸ್. ವೀರಪ್ಪನ್‌ನ ಹುಟ್ಟೂರಾದ ಗೋಪಿನಾಥಂನಲ್ಲೇ ನೆಲೆನಿಂತು ಜನರಿಗೆ ಔಷಧಿಯ ವ್ಯವಸ್ಥೆ ಮಾಡಿದರು, ಮಾರಿಯಮ್ಮನ ಗುಡಿ ಕಟ್ಟಿಸಿದರು, ಕಳ್ಳಸಾಗಣೆಯಲ್ಲಿ ತೊಡಗಿದ್ದವರನ್ನು ಶರಣಾಗುವಂತೆ ಒಲಿಸಿದರು. ವೀರಪ್ಪನ್ ಶರಣಾಗುತ್ತಾನೆಂಬ ಮಾತನ್ನು ನಂಬಿ 1991ರ ನವೆಂಬರ್ 10ರಂದು ನಿರಾಯುಧರಾಗಿ ಕಾಡಿಗೆ ಹೋದರು. ಅವನು ಅವರ ತಲೆ ಕಡಿದ. ರಾಷ್ಟ್ರ ಅವರಿಗೆ ಮರಣೋತ್ತರವಾಗಿ ಕೀರ್ತಿಚಕ್ರ ನೀಡಿತು. ಗೋಪಿನಾಥಂನ ಜನ ಇಂದಿಗೂ ಅವರನ್ನು ನೆನೆಯುತ್ತಾರೆ.

ಈ ಘಟನೆಯನ್ನು ಸುಲಭದ ಪ್ರಸಂಗಕ್ಕೆ ಬಳಸಿಕೊಳ್ಳಲು ನನಗೆ ಧೈರ್ಯವಿಲ್ಲ. ದಯೆ ಯಾವಾಗಲೂ ಗೆಲ್ಲುತ್ತದೆ ಎಂದು ಇದು ಹೇಳುವುದಿಲ್ಲ. ಅಂದು ದಯೆ ಸತ್ತಿತು. ಆದರೆ ಕೇಡನ್ನು ಬೇಟೆಯಾಡಲು ಹೋದವನು ಕೇಡಾಗಿ ಮರಳಲೇಬೇಕೆಂಬ ನಿಯಮವಿಲ್ಲ ಎಂದು ಮಾತ್ರ ಇದು ಸಾಬೀತುಪಡಿಸುತ್ತದೆ.

ಹಾಗಾದರೆ ಎಲ್ಲರೂ ಒಂದೇಯೇ?

ಇಲ್ಲಿ ಒಂದು ಅಪಾಯವಿದೆ. ಬೇಟೆಗಾರನಲ್ಲೂ ಮೃಗವಿದೆ, ಮೃಗದಲ್ಲೂ ಮನುಷ್ಯನಿದ್ದಾನೆ ಎಂದ ಕೂಡಲೇ, 'ಸರಿ, ಯಾರೂ ಒಳ್ಳೆಯವರಲ್ಲ, ಯಾರೂ ಕೆಟ್ಟವರಲ್ಲ' ಎಂದು ಕೈತೊಳೆದುಕೊಳ್ಳುವುದು ಸುಲಭ. ಇದು ವಿವೇಕವಲ್ಲ, ಆಲಸ್ಯ. ಕೊಂದವನಿಗೂ ಕೊಲ್ಲುವುದನ್ನು ತಡೆಯಲು ಹೋದವನಿಗೂ ವ್ಯತ್ಯಾಸವಿದೆ. ಮನುಷ್ಯನ ಅಂತರಂಗದ ಬಗ್ಗೆ ನಮ್ಮ ತಿಳಿವು ಮಂಜಿನಂತಿರಬಹುದು. ಅವನು ಮಾಡಿದ ಕೃತ್ಯ ಹಗಲಿನಷ್ಟು ಸ್ಪಷ್ಟವಾಗಿರಬಹುದು. ಕೃತ್ಯವನ್ನು ಖಂಡಿಸುವಾಗ ಹಿಂಜರಿಯಬಾರದು. ವ್ಯಕ್ತಿಯನ್ನು 'ಇವನು ಮೃಗವಷ್ಟೇ' ಎಂದು ಮುಗಿಸಿಬಿಡುವಾಗ ಹಿಂಜರಿಯಬೇಕು. ಏಕೆಂದರೆ ಒಬ್ಬನನ್ನು ಮೃಗವೆಂದು ಕರೆದ ಮರುಕ್ಷಣವೇ ಅವನಿಗೆ ಏನು ಬೇಕಾದರೂ ಮಾಡಲು ನಮಗೆ ನಾವೇ ಪರವಾನಗಿ ಕೊಟ್ಟುಕೊಂಡಿರುತ್ತೇವೆ. ತಮ್ಮನನ್ನು ಕೊಂದ ಕಾಯಿನನನ್ನು ದೇವರು ಶಿಕ್ಷಿಸದೆ ಬಿಡಲಿಲ್ಲ. ಆದರೆ ಕಂಡವರು ಅವನನ್ನು ಕೊಲ್ಲದಂತೆ ಅವನ ಮೇಲೆ ಒಂದು ಗುರುತನ್ನೂ ಇಟ್ಟರು. ಮೊದಲ ಕೊಲೆಗಾರನಿಗೆ ಸಿಕ್ಕದ್ದು ಶಿಕ್ಷೆ ಮತ್ತು ರಕ್ಷಣೆ, ಎರಡೂ.

ಗುರುವಿದ್ಯಾಮಂದಿರದಲ್ಲಿ ಓದುವಾಗ ನನಗೆ ವಿಚಿತ್ರವೆನಿಸಿದ್ದ ಒಂದು ಹಳೆಯ ನಿಯಮ ಈಗ ನೆನಪಾಗುತ್ತದೆ. ನಾಲ್ಕನೆಯ ಶತಮಾನದಲ್ಲಿ ಕೈಸರೇಯದ ಧರ್ಮಾಧ್ಯಕ್ಷರಾಗಿದ್ದ ಸಂತ ಬೆಸಿಲರು, ಯುದ್ಧದಲ್ಲಿ ಕೊಂದವರನ್ನು ಕೊಲೆಗಾರರೆಂದು ಎಣಿಸಬೇಕಾಗಿಲ್ಲ ಎಂದು ಒಪ್ಪುತ್ತಾರೆ; ಅವರು ಸಜ್ಜನರನ್ನು ಕಾಪಾಡಲು ಹೋರಾಡಿದವರು. ಆದರೂ ಅವರ ಕೈಗಳು ಶುದ್ಧವಾಗಿಲ್ಲವಾದ್ದರಿಂದ ಮೂರು ವರ್ಷ ಪರಮಪ್ರಸಾದದಿಂದ ದೂರವಿರುವುದು ಒಳ್ಳೆಯದೆಂದು ಸಲಹೆ ಕೊಡುತ್ತಾರೆ. ತಪ್ಪಿಲ್ಲದವನಿಗೆ ಏಕೆ ಪ್ರಾಯಶ್ಚಿತ್ತ ಎಂದು ಆಗ ನಾನು ತರಗತಿಯಲ್ಲಿ ವಾದಿಸಿದ್ದೆ. ಈಗ ಅರ್ಥವಾಗುತ್ತದೆ. ಅದು ಶಿಕ್ಷೆಯಲ್ಲ, ಚಿಕಿತ್ಸೆ. ಬೇಟೆಗಾರನ ಗಾಯವನ್ನು ಗಾಯವೆಂದು ಒಪ್ಪಿಕೊಂಡ ವಿವೇಕ ಅದು. ಹಾರ ಹಾಕಿ ಮೆರವಣಿಗೆ ಮಾಡಿದರೆ ಆ ಗಾಯ ಒಳಗೇ ಕೊಳೆಯುತ್ತದೆ.

ಸಂತ ಅಗಸ್ಟೀನರು ತಮ್ಮ 'ದೇವನಗರ' ಗ್ರಂಥದ ಹತ್ತೊಂಬತ್ತನೆಯ ಭಾಗದಲ್ಲಿ ಇದನ್ನೇ ಇನ್ನೊಂದು ರೀತಿಯಲ್ಲಿ ಹೇಳುತ್ತಾರೆ. ನ್ಯಾಯವಾದ ಯುದ್ಧವನ್ನು ಮಾಡಲೇಬೇಕಾಗಿ ಬಂದ ಜ್ಞಾನಿ ಆ ಅನಿವಾರ್ಯತೆಗಾಗಿಯೇ ದುಃಖಿಸುತ್ತಾನೆ. ನೋವಿಲ್ಲದೆ ಅದನ್ನು ನೆನೆಯಬಲ್ಲವನು ಸುಖಿಯಲ್ಲ. ಅವನು ಮನುಷ್ಯಭಾವವನ್ನೇ ಕಳೆದುಕೊಂಡ ಇನ್ನಷ್ಟು ದೊಡ್ಡ ದುಃಖಿ. ಒಳ್ಳೆಯ ಬೇಟೆಗಾರನನ್ನು ಗುರುತಿಸುವ ಲಕ್ಷಣ ಇದೇ ಇರಬಹುದು: ಬೇಟೆಯ ನಂತರ ಅವನಿಗೆ ಸಂಭ್ರಮವಿರುವುದಿಲ್ಲ.

ಗುಬ್ಬಿಯೊ ಊರಿನ ತೋಳದ ಕಥೆಯೂ ನಿಮಗೆ ತಿಳಿದಿದೆ. ಅಸ್ಸಿಸಿಯ ಸಂತ ಫ್ರಾನ್ಸಿಸರು ಮನುಷ್ಯರನ್ನು ತಿನ್ನುತ್ತಿದ್ದ ಆ ತೋಳವನ್ನು ಸಹೋದರನೆಂದು ಕರೆದರು. ನಾವು ಅದನ್ನೇ ನೆನಪಿಟ್ಟುಕೊಂಡು ಉಳಿದದ್ದನ್ನು ಮರೆಯುತ್ತೇವೆ. ಅವರು ಅದರ ಅಪರಾಧಗಳನ್ನು ಒಂದೊಂದಾಗಿ ಅದರ ಮುಖಕ್ಕೇ ಹೇಳಿದರು. ಗಲ್ಲಿಗೆ ಯೋಗ್ಯವೆಂದೂ ಹೇಳಿದರು. ಆಮೇಲೆ, ಇದನ್ನೆಲ್ಲ ಹಸಿವಿನಿಂದ ಮಾಡಿದೆ ಎಂದು ನನಗೆ ಗೊತ್ತು ಎಂದರು. ಕೊನೆಗೆ ಊರಿನವರ ಕಡೆ ತಿರುಗಿ, ಅದಕ್ಕೆ ದಿನವೂ ಆಹಾರ ಕೊಡುವ ಹೊಣೆಯನ್ನು ಅವರಿಗೆ ವಹಿಸಿದರು. ಸತ್ಯ ಹೇಳುವುದು, ಕಾರಣ ತಿಳಿಯುವುದು, ಊರು ತನ್ನ ಪಾಲಿನ ಹೊಣೆ ಹೊರುವುದು: ಮೂರೂ ಇಲ್ಲದೆ ಆ ಕಥೆಯಿಲ್ಲ. ನಮ್ಮ ಕಾಡಂಚಿನಲ್ಲಿ ಮೂರನೆಯದೇ ಬಹಳ ಕಡಿಮೆ. ಹುಲಿಯನ್ನು ಉಳಿಸಬೇಕೆಂದು ನಗರ ಬಯಸುತ್ತದೆ, ಅದರ ಬೆಲೆಯನ್ನು ಸರಗೂರಿನ ದನಗಾಹಿ ತೆರುತ್ತಾನೆ.

ನನ್ನದೊಂದು ತಪ್ಪು

ಇಷ್ಟು ಬರೆದ ಮೇಲೆ ನನ್ನದನ್ನು ಮುಚ್ಚಿಡುವುದು ಸರಿಯಲ್ಲ. ಯುವ ಗುರುವಾಗಿದ್ದಾಗ ನಾನು ಒಂದು ವಿದ್ಯಾರ್ಥಿನಿಲಯದ ಹೊಣೆ ಹೊತ್ತಿದ್ದೆ. ಮಕ್ಕಳ ಪೆಟ್ಟಿಗೆಗಳಿಂದ ಹಣ ಕಾಣೆಯಾಗತೊಡಗಿತು. ಇಂದು ಇಪ್ಪತ್ತು, ನಾಳೆ ಐವತ್ತು. ನಾನು ಕಳ್ಳನನ್ನು ಹಿಡಿಯಲು ಪಣತೊಟ್ಟೆ. ಹುಡುಗರನ್ನು ಗುಂಪು ಮಾಡಿ ರಾತ್ರಿ ಕಾವಲು ಹಾಕಿದೆ. ಯಾರು ಯಾರ ಬಳಿ ಮಾತಾಡಿದರು ಎಂಬುದನ್ನು ಗುಟ್ಟಾಗಿ ಬಂದು ಹೇಳುವವರಿಗೆ ಮೆಚ್ಚುಗೆ ಕೊಟ್ಟೆ. ಎರಡು ವಾರದಲ್ಲಿ ಕಳ್ಳ ಸಿಕ್ಕಿದ. ಪಿರಿಯಾಪಟ್ಟಣದ ಕಡೆಯ ಹುಡುಗ, ಹದಿಮೂರು ವರ್ಷ. ಸಂಜೆಯ ಪ್ರಾರ್ಥನೆಯ ನಂತರ ಎಲ್ಲರ ಮುಂದೆ ಅವನನ್ನು ನಿಲ್ಲಿಸಿ ಮಾತಾಡಿದೆ. ನನ್ನ ಮಾತುಗಳಲ್ಲಿ ಸುಳ್ಳು ಒಂದೂ ಇರಲಿಲ್ಲ.

ಅಂದಿನಿಂದ ಅವನ ಹೆಸರು ಹೋಯಿತು. ಎಲ್ಲರಿಗೂ ಅವನು 'ಕಳ್ಳ' ಆದ. ಅವನ ತಟ್ಟೆಯ ಪಕ್ಕ ಯಾರೂ ಕೂರಲಿಲ್ಲ. ಒಂದು ರಾತ್ರಿ, ಕಾವಲಿಗೆ ನಾನೇ ಹಾಕಿದ್ದ ಹುಡುಗರು ಅವನನ್ನು ಹೊಡೆದರು. ಬೆಳಿಗ್ಗೆ ಅವನು ಗೋಡೆ ಹಾರಿ ಊರಿಗೆ ಹೋಗಿದ್ದ. ಹುಡುಕಿಕೊಂಡು ಹೋದೆ. ಹೊಗೆಸೊಪ್ಪು ಬೇಯಿಸುವ ಬ್ಯಾರನ್ನಿನ ಮುಂದೆ ಸೌದೆ ಒಟ್ಟುತ್ತಿದ್ದ. ಅವನ ತಾಯಿ ಹೇಳಿದ ಮೇಲೆ ತಿಳಿಯಿತು: ತಂದೆ ಹಾಸಿಗೆ ಹಿಡಿದಿದ್ದ, ಹುಡುಗ ಪ್ರತಿ ಭಾನುವಾರ ಮನೆಗೆ ಬಂದಾಗ ತಂಗಿಯ ಕೈಗೆ ಹಣ ಕೊಟ್ಟು 'ಫಾದರ್ ಕೊಟ್ಟರು' ಎನ್ನುತ್ತಿದ್ದನಂತೆ. ಆ ತಾಯಿ ಅದಕ್ಕಾಗಿ ನನಗೆ ಕೃತಜ್ಞತೆ ಹೇಳಿದರು. ಹುಡುಗ ತಲೆ ಎತ್ತಲಿಲ್ಲ. ಮತ್ತೆ ಶಾಲೆಗೆ ಬರಲೂ ಇಲ್ಲ.

ಅವನು ಕದ್ದದ್ದು ನಿಜ, ಅದು ತಪ್ಪು. ಅದನ್ನು ನಿಲ್ಲಿಸುವುದು ನನ್ನ ಕರ್ತವ್ಯವಾಗಿತ್ತು. ಆದರೆ ಒಬ್ಬ ಕಳ್ಳನನ್ನು ಹಿಡಿಯಲು ನಾನು ನಲವತ್ತು ಮಕ್ಕಳನ್ನು ಬೇಟೆಗಾರರನ್ನಾಗಿ ಮಾಡಿದೆ. ಕಾಣೆಯಾಗಿದ್ದ ಹಣದ ಲೆಕ್ಕ ನನ್ನ ಬಳಿ ಇತ್ತು, ಆ ಮಕ್ಕಳ ಮನಸ್ಸಿನಿಂದ ಕಾಣೆಯಾದದ್ದರ ಲೆಕ್ಕ ಇಂದಿಗೂ ಇಲ್ಲ. ಹಿಡಿದ ಆ ರಾತ್ರಿ ನನಗೆ ಸಂತೋಷವಾಗಿತ್ತು ಎಂಬುದನ್ನು ನೆನೆದಾಗ ಇಂದಿಗೂ ನಾಚಿಕೆಯಾಗುತ್ತದೆ.

ಹುಡುಗನಿಗೆ ಕೊಟ್ಟ ಉತ್ತರ

ರಜೆ ಮುಗಿಯುವ ಮೊದಲು ಆ ಹುಡುಗನ ಪುಸ್ತಕಗಳನ್ನು ಹಿಂದಿರುಗಿಸಿದೆ. ಅವನ ಪ್ರಶ್ನೆಗೆ ನಾನು ಹೇಳಿದ್ದು ಇಷ್ಟು: "ತಿನ್ನಲ್ಪಡುವವರ ಪರ ಇರು, ಅದರಲ್ಲಿ ಅನುಮಾನ ಬೇಡ. ಅವರನ್ನು ಕಾಪಾಡಲು ಹೋದವನ ಜೊತೆ ನಿಲ್ಲು. ಆದರೆ ಅವನು ಕೊಲ್ಲುವುದರಲ್ಲಿ ಸುಖ ಕಾಣತೊಡಗಿದ ಪುಟ ಬಂದರೆ, ಅಲ್ಲಿ ಪುಸ್ತಕ ಮುಚ್ಚಿ ಸ್ವಲ್ಪ ಹೊತ್ತು ಸುಮ್ಮನೆ ಕೂತುಕೋ."

ಅವನು ಸ್ವಲ್ಪ ಯೋಚಿಸಿ, "ಫಾದರ್, ಅದು ತಂಗಿಯನ್ನು ಉಳಿಸಿಕೊಳ್ಳಲು ಹೊರಟವನ ಕಥೆಯಲ್ಲಿ ಬರುವುದಿಲ್ಲ. ಅವನು ಕೊನೆಯವರೆಗೂ ಅಳುತ್ತಾನೆ" ಎಂದ.

ನನಗೆ ಆ ಉತ್ತರ ಸಾಕಾಯಿತು. ಆತ್ಮೀಯ ಓದುಗರೇ, ನಿಮ್ಮ ಊರಿನಲ್ಲೂ ಎಲ್ಲರೂ ಒಟ್ಟಾಗಿ ಮೃಗವೆಂದು ತೀರ್ಮಾನಿಸಿದ ಯಾರಾದರೂ ಇರಬಹುದು: ಜೈಲಿನಿಂದ ಮರಳಿದವನು, ಕುಡಿದು ಮನೆ ಹಾಳುಮಾಡಿದವನು, ಒಮ್ಮೆ ಕದ್ದು ಸಿಕ್ಕವನು. ಅವನ ತಪ್ಪನ್ನು ಇಲ್ಲವೆನ್ನಬೇಡಿ. ಅವನಿಂದ ನೊಂದವರನ್ನು ಮರೆಯಬೇಡಿ. ಆದರೆ ಅವನ ವಿರುದ್ಧ ಕೋಲು ಎತ್ತುವ ಮೊದಲು, ಅವನ ತಂದೆತಾಯಿ ಇಟ್ಟ ಹೆಸರು ನಿಮಗೆ ಇನ್ನೂ ನೆನಪಿದೆಯೇ ಎಂದು ಒಮ್ಮೆ ಕೇಳಿಕೊಳ್ಳಿ. ನಾನು ಅಂದು ಆ ಹುಡುಗನ ಹೆಸರು ಹಿಡಿದು ಕರೆದಿದ್ದರೆ ಅವನು ಬಹುಶಃ ತಲೆ ಎತ್ತುತ್ತಿದ್ದ.